ಸುಳ್ಳು ಫೋನಿನ ಕಿವಿಗೆ ಬಿದ್ದ ಬನಹಟ್ಟಿ

ಬನಹಟ್ಟಿಯಲ್ಲಿ ನನ್ನ ಮೊದಲ ಬೆಳಗು ಶುರುವಾದದ್ದು ಮಂಚ ನಡುಗಿದ್ದರಿಂದ. ಭೂಕಂಪ ಎಂದುಕೊಂಡೆ. ಪಕ್ಕದಲ್ಲಿ ಮಲಗಿದ್ದ ಗಂಡ ಪ್ರಸಾದನನ್ನು ಎಬ್ಬಿಸಬೇಕೆಂದೂ ಹೊಳೆಯದೆ, ಬರಿಗಾಲಲ್ಲಿ ಮೆಟ್ಟಿಲಿಳಿದು ಬೀದಿಗೆ ಓಡಿದೆ. ನಾನು ಅವನನ್ನು ಬಿಟ್ಟು ಓಡಿದ್ದನ್ನು ಅವನು ಇವತ್ತಿಗೂ ನೆಂಟರೆದುರು ಹೇಳಿ ನಗುತ್ತಾನೆ. ಬೀದಿಯಲ್ಲಿ ಬೇರೆ ಯಾರೂ ಓಡುತ್ತಿರಲಿಲ್ಲ. ಮನೆಯ ಒಡತಿ ಗಂಗವ್ವ ಅಂಗಳಕ್ಕೆ ನೀರು ಹೊಡೆಯುತ್ತಿದ್ದಳು. ನನ್ನ ಕೆದರಿದ ತಲೆ ನೋಡಿ ಏನೋ ಹೇಳಿದಳು. ಬಾಯಿ ಆಡಿದ್ದು ಕಂಡಿತು, ಮಾತು ಕೇಳಿಸಲಿಲ್ಲ. ಕೊನೆಗೆ ಕಿವಿಯ ಹತ್ತಿರ ಬಂದು ಕೂಗಿದಳು:

"ಮಗ್ಗ ರೀ ಅಕ್ಕಾರ, ಮಗ್ಗ! ನಿನ್ನಿ ಅಮಾಸಿ ಇತ್ತಲ್ರಿ, ಇವತ್ತ ಚಾಲೂ ಆದ್ವು!"

ನಾವು ಮನೆ ನೋಡಿದ್ದು ಹಿಂದಿನ ದಿನ. ಈ ಓಣಿಯ ನೇಕಾರರು ಅಮಾವಾಸ್ಯೆಗೆ ಮಗ್ಗ ಮುಟ್ಟುವುದಿಲ್ಲ. ಅದು ನಮಗೆ ಗೊತ್ತಿರಲಿಲ್ಲ. ಬಿಳಿ ಸುಣ್ಣದ ಮನೆ, ಮೇಲೆ ಗಾಳಿ ಬೆಳಕಿನ ಕೋಣೆ, ನಾಯಿಯೂ ಬೊಗಳದ ಓಣಿ. "ಎಷ್ಟು ನಿಶ್ಶಬ್ದವಾಗಿದೆ ನೋಡು!" ಎಂದು ಪ್ರಸಾದನಿಗೆ ಹೇಳಿದವಳು ನಾನೇ. ಅವತ್ತೇ ಸಂಜೆ ಪೆಟ್ಟಿಗೆ ತಂದಿಟ್ಟೆವು. ಮೈಸೂರಿನಿಂದ ಅಮ್ಮ ಫೋನಿನಲ್ಲಿ ಬೈದಳು: "ಅಮಾವಾಸ್ಯೆ ದಿನ ಯಾರಾದ್ರೂ ಹೊಸ ಮನೆಗೆ ಹೋಗ್ತಾರೇನೇ?" ಗಂಗವ್ವನನ್ನು ಕೇಳಿದರೆ, "ಅಮಾಸಿ ಅಂದ್ರ ಭಾಳ ಛಲೋ ದಿನ ರೀ" ಎಂದಳು. ಒಂದೇ ಭಾಷೆ, ಒಂದೇ ರಾಜ್ಯ, ಒಂದೇ ಚಂದ್ರ. ಆದರೂ ಅಲ್ಲಿ ಕೆಟ್ಟದ್ದು ಇಲ್ಲಿ ಒಳ್ಳೆಯದು.

ಓದುವವರು ಹೆಚ್ಚಿನವರು ನಮ್ಮ ಮೈಸೂರಿನ ಕಡೆಯವರಾದ್ದರಿಂದ, ಇಷ್ಟು ದೂರ ಯಾಕೆ ಬಂದೆ ಎಂಬುದನ್ನು ಮೊದಲೇ ಹೇಳಿಬಿಡುತ್ತೇನೆ. ಪ್ರಸಾದ ಇಲ್ಲಿಗೆ ಹತ್ತಿರದ ಒಂದು ಸಕ್ಕರೆ ಕಾರ್ಖಾನೆಯಲ್ಲಿ ಕೆಮಿಸ್ಟ್. ಮದುವೆಯಾಗಿ ಎರಡು ವರ್ಷ ಅವನು ಇಲ್ಲಿ, ನಾನು ಮೈಸೂರಿನಲ್ಲಿ. ಮೊದಲು ಫೋನಿನಲ್ಲಿ ಹರಟೆ ಹೊಡೆಯುತ್ತಿದ್ದೆವು, ಆಮೇಲೆ ಜಗಳವಾಡತೊಡಗಿದೆವು, ಆಮೇಲೆ ಜಗಳವೂ ನಿಂತುಹೋಯಿತು. ಅದು ನಿಂತಾಗ ಇಬ್ಬರಿಗೂ ಹೆದರಿಕೆಯಾಯಿತು. ಇನ್ನು ಮೇಲೆ ಒಂದೇ ಸೂರಿನ ಕೆಳಗೆ ಇರುವುದು ಎಂದು ತೀರ್ಮಾನಿಸಿದೆವು. ಹಾಗೆಂದು ನನ್ನ ಕೆಲಸ ಬಿಡುವ ಮಾತೇ ಇರಲಿಲ್ಲ. ಮೈಸೂರಿನ ಕಂಪನಿಯಲ್ಲಿ ನನ್ನ ಮೇಲಿನವರಾದ ನಂದಿನಿ ಮೇಡಂ, "ಅಲ್ಲಿಂದಲೇ ಮಾಡು, ಆಗುತ್ತಾ ನೋಡೋಣ" ಎಂದು ಒಲ್ಲದ ಮನಸ್ಸಿನಿಂದ ಒಪ್ಪಿದ್ದರು. ಕಾರ್ಖಾನೆಯ ಕ್ವಾರ್ಟರ್ಸಿನಲ್ಲಿ ಇಂಟರ್ನೆಟ್ ಇರಲಿಲ್ಲ. ಬನಹಟ್ಟಿಯ ಈ ಕೋಣೆಗೆ ಕೇಬಲ್ ಎಳೆಯಬಹುದಿತ್ತು. ನನ್ನ ಮದುವೆ ಮತ್ತು ನನ್ನ ಕೆಲಸ ಎರಡಕ್ಕೂ ಒಟ್ಟಿಗೆ ಜಾಗವಿದ್ದದ್ದು ಈ ಒಂದೇ ಕೋಣೆಯಲ್ಲಿ. ಇಲ್ಲಿಂದ ಕೆಲಸ ನಡೆಯದಿದ್ದರೆ ಎರಡರಲ್ಲಿ ಒಂದನ್ನು ಬಿಡಬೇಕಿತ್ತು.

ನನ್ನ ಕೆಲಸ ಮೊಬೈಲ್ ಆ್ಯಪ್‌ಗಳನ್ನು ಪರೀಕ್ಷಿಸುವುದು. ಅದಕ್ಕೆ ರಾಶಿ ರಾಶಿ ಫೋನು ಬೇಕಲ್ಲವೇ ಎಂದು ಎಲ್ಲರೂ ಕೇಳುತ್ತಾರೆ. ಬೇಡ. ಎಮ್ಯುಲೇಟರ್ ಎಂಬುದೊಂದಿದೆ. ಕಂಪ್ಯೂಟರಿನ ಪರದೆಯ ಮೇಲೆ ಮೂಡುವ ಸುಳ್ಳು ಫೋನು ಅದು. ದೊಡ್ಡದು, ಚಿಕ್ಕದು, ಹಳೆಯದು, ಹೊಸದು, ಯಾವುದು ಬೇಕೋ ಅದನ್ನು ಹುಟ್ಟಿಸಿಕೊಂಡು ಅದರಲ್ಲಿ ಆ್ಯಪ್ ಓಡಿಸಿ ನೋಡಬಹುದು. ಅದಕ್ಕೆ ಬೇಕಾದ ಸುಳ್ಳು ಹೇಳಬಹುದು. ನಿನ್ನ ಬ್ಯಾಟರಿ ಮುಗಿಯುತ್ತಾ ಬಂದಿದೆ ಎಂದರೆ ನಂಬುತ್ತದೆ. ನಿನಗೆ ನೆಟ್‌ವರ್ಕ್ ಇಲ್ಲ ಎಂದರೆ ಸುಮ್ಮನಾಗುತ್ತದೆ. ನೀನು ಈಗ ಹಿಮಾಲಯದಲ್ಲಿದ್ದೀಯ ಎಂದರೆ ನಕ್ಷೆಯಲ್ಲಿ ಹಿಮಾಲಯಕ್ಕೆ ಹೋಗಿ ನಿಲ್ಲುತ್ತದೆ. ಕೆಲಸವಿಲ್ಲದ ಮಧ್ಯಾಹ್ನಗಳಲ್ಲಿ ನಾನು ಅದನ್ನು ಮೈಸೂರಿನ ನಮ್ಮ ಬೀದಿಯಲ್ಲಿ ನಿಲ್ಲಿಸುತ್ತಿದ್ದೆ. ನೀಲಿ ಚುಕ್ಕೆಯನ್ನು ಅಮ್ಮನ ಮನೆಯಿಂದ ಹೂವಿನ ಅಂಗಡಿಗೆ, ಅಲ್ಲಿಂದ ಬಸ್ ಸ್ಟಾಪಿಗೆ ನಡೆಸುತ್ತಿದ್ದೆ. ನಾನು ಮಾತ್ರ ಕುರ್ಚಿಯಿಂದ ಏಳುತ್ತಿರಲಿಲ್ಲ.

ಎದ್ದು ಎಲ್ಲಿಗೆ ಹೋಗುವುದು? ಪ್ರಸಾದ ಬೆಳಿಗ್ಗೆ ಹೋದರೆ ಬರುವುದು ಕತ್ತಲಾದ ಮೇಲೆ. ಕಬ್ಬು ಅರೆಯುವ ಹಂಗಾಮಿನಲ್ಲಿ ಅದೂ ಇಲ್ಲ. ಹೊರಗೆ ಬಿಸಿಲು, ರಸ್ತೆ ತುಂಬ ಕಬ್ಬಿನ ಟ್ರ್ಯಾಕ್ಟರು. ಒಮ್ಮೆ ಬೇಸರವಾಗಿ ಮಹಾಲಿಂಗಪುರದ ಬಸ್ ಹತ್ತಿದೆ. ಅಲ್ಲಿಯ ನಿಲ್ದಾಣದಲ್ಲಿ ಬೆಲ್ಲದ ವಾಸನೆಯ ನಡುವೆ ಒಂದು ಚಹಾ ಕುಡಿದು, ಅದೇ ಬಸ್ಸಿನಲ್ಲಿ ವಾಪಸು ಬಂದೆ. ಕಾಫಿ ಕೇಳಿದರೆ ಹೋಟೆಲಿನವನು ನನ್ನನ್ನು ರೋಗಿಯನ್ನು ನೋಡುವಂತೆ ನೋಡಿದ್ದ. ಅನ್ನ ಸಾರಿಗೆ ಒಗ್ಗಿದ ನನ್ನ ಹೊಟ್ಟೆ ಇಲ್ಲಿಯ ಜೋಳದ ರೊಟ್ಟಿಯನ್ನು ಒಪ್ಪಿಕೊಳ್ಳಲು ಒಂದು ಮಳೆಗಾಲವೇ ಬೇಕಾಯಿತು. ಕೆಂಪು ಖಾರದ ಮೊದಲ ತುತ್ತಿಗೆ ಕಣ್ಣೀರಿಟ್ಟದ್ದನ್ನು ಕಂಡು ಗಂಗವ್ವ, "ತವರ ನೆನಪಾತೇನ್ರಿ?" ಎಂದು ಕೇಳಿದಳು. ಖರೆ ಹೇಳಬೇಕೆಂದರೆ, ಅದೂ ಆಗಿತ್ತು. 'ಖರೆ' ಎಂದರೆ ನಿಜ. ನೋಡಿ, ನನಗೇ ಗೊತ್ತಿಲ್ಲದೆ ಬರವಣಿಗೆಯಲ್ಲೂ ಬಂದುಬಿಡುತ್ತದೆ.

ಮಾತಿನಲ್ಲಿ ನನ್ನನ್ನು ಕಂಗೆಡಿಸಿದ್ದು 'ಬೇ' ಎಂಬ ಒಂದಕ್ಷರ. "ಬಾ ಬೇ, ಕೂಡ ಬೇ" ಎಂದು ಹೆಂಗಸರು ಒಬ್ಬರನ್ನೊಬ್ಬರು ಕರೆಯುವಾಗ ಮೈಸೂರಿನ ಕಿವಿಗೆ ಅದು ಬೈಗುಳದಂತೆ ಕೇಳಿಸುತ್ತದೆ. ನನಗೆ ಮಾತ್ರ ಎಲ್ಲರೂ 'ರೀ' ಹಚ್ಚುತ್ತಿದ್ದರು. ಅಕ್ಕಾರ ಬರ್ರಿ, ಅಕ್ಕಾರ ಕೂಡ್ರಿ. ನನಗೆಷ್ಟು ಮರ್ಯಾದೆ ಎಂದು ಹಿಗ್ಗಿದ್ದೆ. ಆ 'ರೀ' ನನ್ನನ್ನು ಹೊಸಿಲಾಚೆಯೇ ನಿಲ್ಲಿಸಿದೆ ಎಂದು ತಿಳಿಯಲು ತಿಂಗಳುಗಳೇ ಬೇಕಾದವು.

ಎಲ್ಲಕ್ಕಿಂತ ಹೆಚ್ಚು ಉಸಿರುಗಟ್ಟಿಸಿದ್ದು ಕರೆಂಟು. ಕರೆಂಟಿದ್ದರೆ ಕೆಳಗಿನ ಮಗ್ಗಗಳು ಓಡುತ್ತವೆ. ಅಕ್ಕಪಕ್ಕದ, ಎದುರಿನ, ಹಿಂದಿನ ಎಲ್ಲ ಮನೆಗಳ ಮಗ್ಗಗಳೂ ಓಡುತ್ತವೆ. ಆಗ ಕಂಪ್ಯೂಟರ್ ನಡೆಯುತ್ತದೆ, ಇಂಟರ್ನೆಟ್ ಇರುತ್ತದೆ, ಆದರೆ ಆಫೀಸಿನವರೊಡನೆ ಒಂದು ಮಾತೂ ಆಡಲಾಗದು. ಕರೆಂಟು ಹೋದರೆ ಓಣಿಗೆ ಓಣಿಯೇ ತಣ್ಣಗಾಗುತ್ತದೆ. ಬೇಕಾದಷ್ಟು ಮಾತಾಡಬಹುದು, ಆದರೆ ಇಂಟರ್ನೆಟ್ ಇಲ್ಲ, ಕಂಪ್ಯೂಟರ್ ಯುಪಿಎಸ್‌ನ ಕೊನೆಯುಸಿರಿನ ಮೇಲಿರುತ್ತದೆ. ಕೆಲಸವಿದ್ದಾಗ ಬಾಯಿಲ್ಲ, ಬಾಯಿದ್ದಾಗ ಕೆಲಸವಿಲ್ಲ. ನಾನು ಹತ್ತಿ ತುರುಕಿಕೊಂಡ ಕಿವಿಯೊಂದಿಗೆ, ಕಿಟಕಿ ಮುಚ್ಚಿದ ಕೋಣೆಯಲ್ಲಿ ಕುಳಿತು ಆಫೀಸಿಗೆ ಬರೆದು ಬರೆದು ಕಳಿಸುತ್ತಿದ್ದೆ. ಮಧ್ಯಾಹ್ನದ ಹೊತ್ತಿಗೆ ಯಾರ ಮೇಲೆ ಸಿಟ್ಟು ಮಾಡಿಕೊಳ್ಳಬೇಕೆಂದು ತಿಳಿಯದೆ ಕಣ್ಣು ತುಂಬಿ ಬರುತ್ತಿತ್ತು.

ಆಗ ನಮ್ಮ ಕೈಯಲ್ಲಿದ್ದದ್ದು ಕಿರಾಣಿ ಅಂಗಡಿಯವರಿಗಾಗಿ ಮಾಡಿದ ಆ್ಯಪ್. ಬೇಕಾದ ಸಾಮಾನನ್ನು ಬಾಯಲ್ಲಿ ಹೇಳಿದರೆ ಅದು ಕೇಳಿಸಿಕೊಂಡು ತಾನೇ ಬರೆದುಕೊಳ್ಳುತ್ತಿತ್ತು. ಸುಳ್ಳು ಫೋನಿಗೆ ಸ್ವಂತ ಕಿವಿ ಇಲ್ಲ, ನನ್ನ ಕಂಪ್ಯೂಟರಿನ ಮೈಕೇ ಅದರ ಕಿವಿ. ಗುಂಡಿ ಒತ್ತಿ "ಐದು ಕೆಜಿ ಸಕ್ಕರೆ" ಎಂದೆ. ಪರದೆಯಲ್ಲಿ 'ಕೇಳಿಸಿಕೊಳ್ಳುತ್ತಿದೆ' ಎಂಬ ಚಕ್ರ ತಿರುಗಿತು. ತಿರುಗುತ್ತಲೇ ಇತ್ತು. ಯಾವ ಮಾದರಿಯ ಫೋನು ಹುಟ್ಟಿಸಿದರೂ ಅದೇ ಕಥೆ. ಕಾರಣ ಹುಡುಕಿದೆ. ಹೇಳುವವರು ಹೇಳಿ ಮುಗಿಸಿದರು ಎಂದು ಆ ಆ್ಯಪ್‌ಗೆ ತಿಳಿಯುವುದು ಸದ್ದು ನಿಂತಾಗ. ನಿಶ್ಶಬ್ದ ಬರಲಿ ಎಂದು ಅದು ಕಾಯುತ್ತಿತ್ತು. ನನ್ನ ಕೋಣೆಯಲ್ಲಿ ನಿಶ್ಶಬ್ದ ಎಲ್ಲಿಂದ ಬರಬೇಕು?

ಇದು ದೋಷ, ಸರಿಪಡಿಸಿ ಎಂದು ಬರೆದೆ. ಮೈಸೂರಿನಿಂದ ಉತ್ತರ ಬಂತು: "ನಮ್ಮಲ್ಲಿ ಸರಿಯಾಗಿದೆ." ಮತ್ತೆ ಬರೆದೆ. ಸಂತೆಯಲ್ಲಿ, ಗಿರಣಿಯ ಪಕ್ಕದಲ್ಲಿ, ಬಸ್ ನಿಲ್ದಾಣದಲ್ಲಿ ಅಂಗಡಿ ಇರುವವರು ಏನು ಮಾಡಬೇಕು ಎಂದು ಕೇಳಿದೆ. "ದೋಷ ಇರೋದು ಆ್ಯಪ್‌ನಲ್ಲಲ್ಲ ಸುಮಾ, ನಿನ್ನ ಮನೇಲಿ" ಎಂದು ನಂದಿನಿ ಮೇಡಂ ಬರೆದರು.

ಆ ದಿನಗಳಲ್ಲೇ ಒಂದು ಮಧ್ಯಾಹ್ನ ಗಂಗವ್ವ ಶೇಂಗಾ ಹೋಳಿಗೆ ಹಿಡಿದು ಮೇಲೆ ಬಂದಳು. ನನ್ನ ಪರದೆಯಲ್ಲಿ ಫೋನೊಂದು ಮೈಸೂರಿನ ಬೀದಿಯಲ್ಲಿ ನಿಂತಿತ್ತು. ಅದು ಎಲ್ಲಿ ಬೇಕಾದರೂ ನಿಲ್ಲುತ್ತದೆ ಎಂದು ವಿವರಿಸಿದೆ. ಅವಳು ಬೀಳಗಿ ಕಡೆಯ ತನ್ನ ತವರೂರಿನ ಹೆಸರು ಹೇಳಿ, "ಅಲ್ಲಿ ನಿಂದ್ರಸ್ರಿ ನೋಡೂಣು" ಎಂದಳು. ಆ ಊರು ಅಣೆಕಟ್ಟಿನ ಹಿನ್ನೀರಿನಲ್ಲಿ ಹೋಗಿತ್ತು. ಹೊಳೆಯ ತಿರುವು, ಗುಡ್ಡ ಎಂದು ಅವಳು ಗುರುತು ಹೇಳಿದ ಜಾಗಕ್ಕೆ ಚುಕ್ಕೆಯನ್ನು ಒಯ್ದೆ. ಸುತ್ತ ನೀಲಿ ಬಿಟ್ಟು ಬೇರೇನೂ ಇರಲಿಲ್ಲ.

"ಸಾಕ್ ತಗೀರಿ," ಎಂದಳು ಗಂಗವ್ವ. "ಭಾಳ ಹೊತ್ತ ನಿಂತ್ರ ಫೋನ್ ತೊಯ್ತೈತಿ."

ಇಬ್ಬರೂ ನಕ್ಕೆವು. ಆಮೇಲೆ ಅವಳು ತಾನೂ ಮದುವೆಯಾಗಿ ಬಂದ ಹೊಸದರಲ್ಲಿ ಕಿವಿಗೆ ಹತ್ತಿ ಇಟ್ಟುಕೊಂಡಿದ್ದನ್ನು ಹೇಳಿದಳು. "ನಮ್ಮೂರಾಗ ಹೊಳಿ ಸಪ್ಪಳ ಬಿಟ್ರ ಏನೂ ಇರಲಿಲ್ರಿ. ಇಲ್ಲಿ ಬಂದ ಮ್ಯಾಲ ತಲಿ ಕೆಟ್ಟ ಹೋಗಿತ್ತು. ಓಡಿ ಹೋಗಬೇಕಂದ್ರ ಹೋಗಾಕ ಊರ ಉಳೀಲಿಲ್ಲ."

"ಈಗ?" ಎಂದೆ.

"ಈಗ ಮಗ್ಗ ನಿಂತ್ರ ನಿದ್ದಿ ಬರೂದಿಲ್ರಿ."

ಇದಾದ ವಾರವೇ ನಂದಿನಿ ಮೇಡಂ ಖಚಿತವಾಗಿ ಬರೆದರು. ವಿಡಿಯೋ ಕಾಲ್‌ನಲ್ಲಿ ಎಲ್ಲರೆದುರು ನಾನು ಆ ಆ್ಯಪ್ ತೋರಿಸಬೇಕು, ಮಾತಾಡಬೇಕು, ಬನಹಟ್ಟಿಯಿಂದ ಕೆಲಸ ಸಾಧ್ಯವೇ ಎಂಬುದು ಅಂದೇ ತೀರ್ಮಾನವಾಗಬೇಕು. ಕರೆಂಟಿರುವ ಹೊತ್ತಿನಲ್ಲಿ ನಿಶ್ಶಬ್ದ ಬೇಕು. ಅಮಾವಾಸ್ಯೆ ಇನ್ನೂ ದೂರವಿತ್ತು. ನಾಚಿಕೆ ಬಿಟ್ಟು ಕೆಳಗಿಳಿದು ಗಂಗವ್ವನ ಗಂಡ ಶಿವಪ್ಪನನ್ನು ಕೇಳಿದೆ. ಓಡುವ ಮಗ್ಗ ನಿಲ್ಲಿಸಿ ಎಂದು ನೇಕಾರನಿಗೆ ಹೇಳುವುದು ಎಂಥ ಮಾತು ಎಂದು ನನಗೂ ಗೊತ್ತಿತ್ತು. ಅವನು ಗಡ್ಡ ಕೆರೆದುಕೊಂಡು, ಹೆಂಡತಿಯ ಮುಖ ನೋಡಿ, "ಅಡ್ಡಿ ಇಲ್ರಿ, ಒಂದ ತಾಸ ನಿಂದ್ರಸ್ತೇನಿ. ಬಾಜೂ ಮನ್ಯಾವರಿಗೂ ಹೇಳ್ತೇನಿ" ಎಂದ.

ಆ ದಿನ ಮಗ್ಗಗಳು ನಿಂತವು. ಎದುರು ಸಾಲಿನ ಸದ್ದು ದೂರದಲ್ಲಿ ಕೇಳುತ್ತಿತ್ತು, ಕಿಟಕಿ ಹಾಕಿದರೆ ಅಷ್ಟೇನೂ ಇರಲಿಲ್ಲ. ಪರದೆಯ ಮೇಲೆ ಮೂರು ಸುಳ್ಳು ಫೋನುಗಳನ್ನು ಸಾಲಾಗಿ ನಿಲ್ಲಿಸಿ, ಆಫೀಸಿನವರಿಗೆ ಕಾಣುವಂತೆ ಮಾಡಿ, "ಐದು ಕೆಜಿ ಸಕ್ಕರೆ" ಎಂದೆ. ಮೂರೂ ಫೋನುಗಳು ಮುದ್ದಾಗಿ ಕೇಳಿಸಿಕೊಂಡು ಬರೆದುಕೊಂಡವು. ಯಾವ ಚಕ್ರವೂ ತಿರುಗಲಿಲ್ಲ.

"ನೋಡಿದ್ಯಾ? ಸರಿಯಾಗೇ ಇದೆಯಲ್ಲ," ಎಂದರು ನಂದಿನಿ ಮೇಡಂ.

ಕಾಡಿ ಬೇಡಿ ಪಡೆದ ನಿಶ್ಶಬ್ದವೇ ನನ್ನನ್ನು ಸುಳ್ಳುಗಾತಿ ಮಾಡಿತ್ತು. "ಇನ್ನೊಮ್ಮೆ ತೋರಿಸ್ತೀನಿ ಮೇಡಂ" ಎಂದು ಮೂರರಲ್ಲೂ ಗುಂಡಿ ಒತ್ತಿದೆ. ಅಷ್ಟರಲ್ಲಿ ಎದುರು ಸಾಲಿನ ಮಗ್ಗಗಳೂ ಒಂದೊಂದಾಗಿ ನಿಲ್ಲತೊಡಗಿದವು. ಇಡೀ ಓಣಿ ಸ್ತಬ್ಧವಾಯಿತು. ಯಾಕೆಂದು ಯೋಚಿಸುವುದರೊಳಗೆ ಕೆಳಗಿನಿಂದ ಎದೆ ಝಲ್ಲೆನ್ನುವಂಥ ಅಳು ಎದ್ದಿತು. "ಯವ್ವಾ ನಮ್ಮವ್ವಾ, ಬಿಟ್ಟ ಹೋದ್ಯಾ..."

"ಸುಮಾ, ಏನದು?" ಎಂದರು ನಂದಿನಿ ಮೇಡಂ. ನಾನು ಎಲ್ಲವನ್ನೂ ಇದ್ದ ಹಾಗೇ ಬಿಟ್ಟು ಕೆಳಗೆ ಓಡಿದೆ.

ಅಂಗಳದಲ್ಲಿ ಹೆಂಗಸರು ಸೆರಗು ಬಾಯಿಗಿಟ್ಟು ಅಳುತ್ತಿದ್ದರು. ಗಂಡಸರು ತಲೆಯ ಮೇಲಿನ ಟೋಪಿ ತೆಗೆದು ಕೈಯಲ್ಲಿ ಹಿಡಿದು ಗೋಡೆಗೆ ಆತು ನಿಂತಿದ್ದರು. ಆಗ ನನಗೆ ತಿಳಿದದ್ದು ಇಷ್ಟು: ಈ ಓಣಿಯಲ್ಲಿ ಅಮಾವಾಸ್ಯೆಯಲ್ಲದ ದಿನ, ಕರೆಂಟಿರುವಾಗ, ಒಂದು ಮನೆಯ ಮಗ್ಗ ನಿಂತಿತೆಂದರೆ ಆ ಮನೆಯಲ್ಲಿ ಸಾವಾಗಿದೆ ಎಂದರ್ಥ. ಕೇಳಿದವರು ತಮ್ಮ ಮಗ್ಗ ನಿಲ್ಲಿಸಿ ಬರಬೇಕು, ಮಣ್ಣಾಗುವವರೆಗೆ ಯಾರೂ ಚಾಲೂ ಮಾಡುವಂತಿಲ್ಲ. ಶಿವಪ್ಪ ಅಕ್ಕಪಕ್ಕದ ಮನೆಗಳಿಗೆ ಹೇಳಿದ್ದ, ಎದುರು ಸಾಲನ್ನು ಮರೆತಿದ್ದ. ಅವನ ತಾಯಿ ಬಾಳವ್ವ ವರ್ಷದಿಂದ ಮಂಚ ಹಿಡಿದಿದ್ದಳು. ಹೋದದ್ದು ಅವಳೇ ಎಂದು ಯಾರಿಗೂ ಅನುಮಾನ ಉಳಿದಿರಲಿಲ್ಲ.

ಬಾಳವ್ವನಿಗೆ ಕಿವಿ ಬಹಳ ಮಂದ. ಆದರೆ ಪಡಸಾಲೆಯ ತನ್ನ ಮಂಚದ ನಡುಕ ನಿಂತದ್ದು ತಿಳಿದು, ಅವಳು ಕಷ್ಟಪಟ್ಟು ಎದ್ದು ಕುಳಿತಿದ್ದಳು. ಅಳುವವರ ಮುಖಗಳನ್ನು ಒಂದೊಂದಾಗಿ ನೋಡಿ ಗಾಬರಿಯಿಂದ ಕೇಳಿದಳು:

"ಯಾರ್ ಸತ್ರ ಬೇ?"

ಮುಂದೆ ಕೂತು ಅಳುತ್ತಿದ್ದವಳು ಬಾಯಿ ಬಿಟ್ಟುಕೊಂಡು ನೋಡಿದಳು. ಆಮೇಲೆ ಬಾಳವ್ವನ ಕಿವಿಯ ಹತ್ತಿರ ಕೂಗಿದಳು: "ನೀನ ಬೇ ಎಮ್ಮಾ! ನೀನ ಸತ್ತೀ ಅಂತ ಬಂದೇವಿ!"

"ನಾ ಸತ್ತಿದ್ರ ನನಗ್ಯಾರರ ಹೇಳ್ತಿದ್ರಲಾ!" ಎಂದಳು ಬಾಳವ್ವ.

ಅಳು ನಗೆಯಾಗಿ, ನಗೆ ಬೈಗುಳವಾಯಿತು. ಹೊರಗೆ ಇನ್ನೂ ಜನ ಬರುತ್ತಿದ್ದರು. ಶಿವಪ್ಪ, "ಚಾಲೂ ಮಾಡ್ರಲೇ, ಯಾರೂ ಸತ್ತಿಲ್ಲ!" ಎಂದು ಕೂಗಿ ಒಳಗೋಡಿ ತನ್ನ ಮಗ್ಗಗಳನ್ನೆಲ್ಲ ಹಾಕಿದ. ಯಾರೂ ಸತ್ತಿಲ್ಲ ಎಂದು ಓಣಿಗೆ ತಿಳಿಸಲು ಬೇರೆ ದಾರಿ ಇರಲಿಲ್ಲ. ಬೇರೆ ಮನೆಗಳವೂ ಓಡತೊಡಗಿ ನೆಲ ಮತ್ತೆ ನಡುಗಿತು. ಗಂಗವ್ವ ಬಂದು ನನ್ನ ಎರಡೂ ಕೈ ಹಿಡಿದಳು.

"ನಿನ್ನ ಕೆಲಸ ಕೆಟ್ಟ ಹೋತಲ್ಲ ಬೇ ತಂಗಿ," ಎಂದಳು.

'ರೀ' ಹೋಗಿ 'ಬೇ' ಬಂದದ್ದನ್ನು ನಾನು ಗಮನಿಸಿದ್ದು ಮೆಟ್ಟಿಲು ಹತ್ತುವಾಗ. ಕೆಲಸ ಹೋಯಿತೆಂಬ ಭಯದ ನಡುವೆಯೂ ಅದನ್ನು ಮನಸ್ಸಿನಲ್ಲೇ ಇನ್ನೊಮ್ಮೆ ಹೇಳಿಕೊಂಡೆ.

ಮೇಲೆ ಬಂದರೆ ಆಫೀಸಿನವರು ಯಾರೂ ಹೋಗಿರಲಿಲ್ಲ. ಎಲ್ಲರೂ ಪರದೆಗೆ ಮುಖ ಹಚ್ಚಿ ನೋಡುತ್ತಿದ್ದರು. ನಾನು ಗುಂಡಿ ಒತ್ತಿ ಬಿಟ್ಟುಹೋಗಿದ್ದ ಮೂರೂ ಫೋನುಗಳಲ್ಲಿ ಚಕ್ರ ತಿರುಗುತ್ತಿತ್ತು. ಅಳು ಕೇಳಿಸಿಕೊಂಡು, ನಗು ಕೇಳಿಸಿಕೊಂಡು, ಈಗ ಮಗ್ಗ ಕೇಳಿಸಿಕೊಳ್ಳುತ್ತ, ಇನ್ನೂ ಮುಗಿದಿಲ್ಲ ಎಂದು ಅವು ಕಾಯುತ್ತಲೇ ಇದ್ದವು. ಮಾತು ಕೇಳಿಸದ್ದರಿಂದ ನಂದಿನಿ ಮೇಡಂ ಬರೆದರು: "ನೀನು ಹೇಳ್ತಿದ್ದದ್ದು ಇದನ್ನೇನಾ?"

"ಇದನ್ನೇ" ಎಂದು ಬರೆದೆ.

"ಆ ಸದ್ದನ್ನು ರೆಕಾರ್ಡ್ ಮಾಡಿ ಕಳಿಸು."

ಮರುದಿನ ಬೆಳಿಗ್ಗೆ ಕಿಟಕಿ ತೆರೆದು, ಮೈಕನ್ನು ಕಟ್ಟೆಯ ಮೇಲಿಟ್ಟು, ನನ್ನ ಸದ್ದು ಬೀಳಬಾರದೆಂದು ಬಾಯಿಗೆ ಕೈ ಅಡ್ಡ ಹಿಡಿದು ಕುಳಿತೆ. ನಡುವೆ ಕೆಳಗಿನಿಂದ ಗಂಗವ್ವ, ಮಗ್ಗದ ಸದ್ದಿಗೂ ಮಿಕ್ಕುವ ಗಂಟಲಿನಲ್ಲಿ, "ಬಾ ಬೇ ತಂಗಿ, ಚಾ ಆರಾಕತ್ತೈತಿ!" ಎಂದು ಕರೆದಳು. ನಾನು ಉತ್ತರ ಕೊಡಲಿಲ್ಲ, ಅಲ್ಲಾಡಲೂ ಇಲ್ಲ. ಮೈಸೂರಿನಲ್ಲಿ ಆ ಸದ್ದನ್ನು ತಮ್ಮ ಸುಳ್ಳು ಫೋನುಗಳ ಕಿವಿಗೆ ಹಾಕಿ, ಆ್ಯಪ್ ಸರಿಪಡಿಸಿದರು. ಗಂಗವ್ವನ ಕರೆಯನ್ನೂ ಕತ್ತರಿಸಲಿಲ್ಲ. ದೂರದಲ್ಲಿ ಯಾರೋ ಕೂಗಿದ್ದನ್ನು ಆ್ಯಪ್ ತನಗೆ ಹೇಳಿದ್ದೆಂದು ತಿಳಿಯಬಾರದಲ್ಲ, ಆ ಪರೀಕ್ಷೆಗೆ ಅದು ಬೇಕಾಗಿತ್ತು. ಆ ಪರೀಕ್ಷೆಗೆ ಅವರಿಟ್ಟ ಹೆಸರು 'ಬನಹಟ್ಟಿ'. ನನ್ನ ಹಿಗ್ಗು ಹೇಳತೀರದು. ಗಂಗವ್ವನಿಗೆ ಹೇಳಿದರೆ, "ನಮ್ಮ ಮಗ್ಗ ಮೈಸೂರ ನೋಡಿತು, ನಾವ ನೋಡಲಿಲ್ಲ" ಎಂದಳು.

ತಿಂಗಳೊಳಗೆ ನಂದಿನಿ ಮೇಡಂ ಫೋನ್ ಮಾಡಿದರು. ಕರೆಂಟು ಹೋಗಿತ್ತು, ಒಂದೊಂದು ಮಾತೂ ಸ್ಪಷ್ಟವಾಗಿ ಕೇಳಿಸಿತು. "ಆ ಗದ್ದಲ ಈಗ ಇಲ್ಲೇ ಇದೆ ಸುಮಾ. ನೀನು ಅಲ್ಲಿ ಕೂತು ಕಷ್ಟಪಡೋದು ಬೇಡ. ಇನ್ನು ಎಲ್ಲರೂ ಆಫೀಸಿಗೇ ಬರಬೇಕು ಅಂತ ಆಗಿದೆ, ಬಂದುಬಿಡು. ಬರದಿದ್ರೆ ನಾನೇನೂ ಮಾಡೋಕಾಗಲ್ಲ." ದನಿಯಲ್ಲಿ ಅಕ್ಕರೆಯೇ ಇತ್ತು. ಅದಕ್ಕೇ ಜಗಳವಾಡಲೂ ಆಗಲಿಲ್ಲ. ಈ ಕೋಣೆಯಲ್ಲಿ ಕೂತವಳು ಮಾತ್ರ ಕೇಳಬಹುದಾಗಿದ್ದ ಒಂದೇ ಒಂದು ವಸ್ತುವನ್ನು ನಾನೇ ಕಟ್ಟಿ ಕಳಿಸಿಕೊಟ್ಟಿದ್ದೆ. ಇನ್ನು ಈ ಕೋಣೆಯಲ್ಲಿ ನಾನು ಅವರಿಗೆ ಯಾಕೆ ಬೇಕು?

ಪ್ರಸಾದನಿಗೆ ಹೇಳಿದೆ. "ಹೋಗು ಅಂದ್ರೆ ಓಡಿಸಿದ ಹಾಗಾಗುತ್ತೆ. ಇರು ಅಂದ್ರೆ ಕಟ್ಟಿಹಾಕಿದ ಹಾಗಾಗುತ್ತೆ. ನಾನೇನು ಹೇಳ್ಲಿ?" ಎಂದ. ಕೊನೆಗೆ ಜಗಳವೂ ನಿಂತುಹೋಗಿದ್ದ ಆ ಎರಡು ವರ್ಷ ನನಗೆ ನೆನಪಾಯಿತು. ಬರುವುದಿಲ್ಲ ಎಂದು ಆಫೀಸಿಗೆ ಬರೆದೆ. ತ್ಯಾಗ ಎಂದು ಯಾರೂ ಹೊಗಳಬೇಡಿ. ಬರೆದು ಕಳಿಸಿದ ಮೇಲೆ ಗೋಡೆಗೆ ಒರಗಿ ಅತ್ತೆ, ಮೂರು ದಿನ ಪ್ರಸಾದನೊಡನೆ ಸರಿಯಾಗಿ ಮಾತಾಡಲಿಲ್ಲ, ಈಗಲೂ ಕೆಲವು ಬೆಳಗು ಈ ಕೋಣೆ ಕಂಡರಾಗುವುದಿಲ್ಲ. ಬಿಡಿಬಿಡಿಯಾಗಿ ಕೆಲಸ ಬಂದಾಗ ಮಾಡಿಕೊಡುತ್ತೇನೆ. ಬರದಿದ್ದಾಗ ಸುಳ್ಳು ಫೋನೊಂದನ್ನು ಹುಟ್ಟಿಸಿ ಅಮ್ಮನ ಬೀದಿಯಲ್ಲಿ ಓಡಾಡಿಸುತ್ತೇನೆ.

ಮೊನ್ನೆ ಅಮ್ಮನ ಮನೆಗೆ ಹೋದಾಗ, ಮಧ್ಯಾಹ್ನದ ನಿದ್ದೆಯಿಂದ ಬೆಚ್ಚಿ ಎದ್ದು ಕುಳಿತೆ. ಏನೂ ಸದ್ದಿರಲಿಲ್ಲ. ಯಾರು ಹೋದರೋ ಎಂದುಕೊಂಡೆ. ಅಮ್ಮ ಅಡುಗೆಮನೆಯಿಂದ ಇಣುಕಿ, "ಯಾಕೆ, ಕೆಟ್ಟ ಕನಸಾ?" ಎಂದಳು.

ಬನಹಟ್ಟಿಗೆ ಮರಳಿದ ಮೇಲೆ ಆಫೀಸಿನಿಂದ ಒಂದು ಫೋನ್ ಬಂತು. ನನ್ನ ಕುರ್ಚಿಯಲ್ಲಿ ಈಗ ಕೂರುವ ಹೊಸ ಹುಡುಗಿ. ಹಳೆಯ ಪರೀಕ್ಷೆಗಳ ಬಗ್ಗೆ ಏನೋ ಕೇಳಬೇಕಿತ್ತಂತೆ. ಹೇಳಿದೆ. ಇಡುವ ಮೊದಲು ಸಂಕೋಚದಿಂದ ನಕ್ಕು ಕೇಳಿದಳು:

"ಮೇಡಂ, ಆ ಬನಹಟ್ಟಿ ರೆಕಾರ್ಡಿಂಗಲ್ಲಿ ಒಬ್ರು ಯಾರನ್ನೋ ಟೀಗೆ ಕರೀತಾರಲ್ಲ, ದಿನಾ ಕೇಳ್ತೀನಿ. ಆ ಕಡೆಯಿಂದ ಉತ್ತರಾನೇ ಬರಲ್ಲ. ಅಲ್ಲಿ ಯಾರಾದ್ರೂ ಇದ್ರಾ?"